ಸೋಮನ ಮೊಕ, ನಮ್ಮ ತಮಟೆ

ಎಂ.ಎ. ಓದುವಾಗ ಮಾನಸಗಂಗೋತ್ರಿಯ ಜಯಲಕ್ಷ್ಮಿವಿಲಾಸದ ಜಾನಪದ ವಸ್ತುಸಂಗ್ರಹಾಲಯಕ್ಕೆ ಹೋಗಿದ್ದೆ. ಮುಖವಾಡಗಳ ಮುಂದೆ ನಿಂತಾಗ, ಮೂಗೂರಿನ ಕೇರಿಯಿಂದ ಬಂದ ನನಗೆ ಮೊದಲು ತಟ್ಟಿದ್ದು ಅಲ್ಲಿನ ಮೌನ. ತಮಟೆ ಇಲ್ಲದೆ ಸೋಮ ಉಂಟೇನ್ರೀ?

ಸೋಮನ ಕುಣಿತದ ಬಗ್ಗೆ ನಮ್ಮ ವಿದ್ವಾಂಸರು ಬರೆಯುವ ಕ್ರಮ ಹೆಚ್ಚುಕಡಿಮೆ ಒಂದೇ. ಮರ ಕೊರೆದು ಮಾಡಿದ ದೊಡ್ಡ ಮೊಕ, ಹೆಚ್ಚಾಗಿ ಕೆಂಪು ಬಣ್ಣ, ಅಗಲ ಕಣ್ಣು, ಮೀಸೆ, ಕೋರೆಹಲ್ಲು. ಸೋಮ ಗ್ರಾಮದೇವತೆಯ ಬಂಟ. ಸರಿಯೇ. ಕೊನೆಗೆ ಅರ್ಧ ಸಾಲು: ಹಿನ್ನೆಲೆಗೆ ಅರೆ, ತಮಟೆ. ಬಡಿಯುವವನು ಯಾವ ಕೇರಿಯವನು, ಗುಡಿಯಿಂದ ಎಷ್ಟು ದೂರ ನಿಂತ, ಆವತ್ತು ಎಲ್ಲಿ ಕೂತು ಉಂಡ, ಇದೆಲ್ಲ 'ಕಲೆ'ಯ ವಿವರ ಅಲ್ಲವಂತೆ.

ಆ 'ಹಿನ್ನೆಲೆ' ಅನ್ನೋ ಮಾತಿಗೇ ನನ್ನ ತಕರಾರು. ಅಷ್ಟು ಭಾರದ ಮೊಕ ಹೊತ್ತವನಿಗೆ ದಾರಿ ಸರಿಯಾಗಿ ಕಾಣದು. ಅವನ ಕಾಲು ನಂಬೋದು ಏಟನ್ನು. ಏಟು ನಿಂತರೆ ಬಂಟನೂ ನಿಲ್ಲುತ್ತಾನೆ.

ಸಿದ್ಧಲಿಂಗಯ್ಯನವರ 'ಅವತಾರಗಳು' ಗ್ರಾಮದೈವಗಳನ್ನು ನೆರೆಮನೆಯವರ ಹಾಗೆ ಮಾತಾಡಿಸಿತು. ಆ ಸಲಿಗೆ ಮುಖವಾಡದ ಅಧ್ಯಯನಕ್ಕೆ ಬರಲೇ ಇಲ್ಲ.

ನಮ್ಮೂರ ದೇವಿ ಬರಹದಲ್ಲಿ ತ್ರಿಪುರಸುಂದರಿ, ಕೇರಿಯ ಬಾಯಲ್ಲಿ ತಿಬ್ಬಾದೇವಿ. ತಾತ ಬಡಿದದ್ದು ತಿಬ್ಬಾದೇವಿಗೆ. ಅವನು ಸತ್ತ ಮೇಲೆ ಅಪ್ಪ, ಇನ್ನು ಬಡಿಯೋದು ಬ್ಯಾಡ ಅಂತ ತಮಟೆಯನ್ನು ಅಟ್ಟಕ್ಕೆ ಹಾಕಿದ. ಅದನ್ನು ತಪ್ಪು ಅನ್ನಲಾರೆ. ಗಾಜಿನ ಪೆಟ್ಟಿಗೆಗೆ ಕೊಡಿ ಅಂದರೆ ಕೊಡಲೂ ಆರೆ.