ಜಪಾನನ್ನು ಯಾರ ಬಾಯಲ್ಲಿ ಕೇಳುವುದು?

ಅಕ್ಕನ ಮಗ ಕೆಲಸದ ಮೇಲೆ ನಾಗೋಯಾಕ್ಕೆ ಹೊರಟಿದ್ದಾನೆ. ಹೋದ ತಿಂಗಳು ಮನೆಗೆ ಬಂದವನು, "ಮಾವ, ಜಪಾನಿನ ಬಗ್ಗೆ ನಾಲ್ಕು ಒಳ್ಳೆಯ ಪುಸ್ತಕ ಹೇಳಿ, ಹೋಗುವುದರೊಳಗೆ ಓದಿಬಿಡುತ್ತೇನೆ" ಅಂದ. ಅವನ ಬ್ಯಾಗಿನಲ್ಲಿ ಆಗಲೇ 'ಇಕಿಗಾಯ್' ಇತ್ತು. ನನ್ನ ಬಾಯಿಗೆ ಮೊದಲು ಬಂದದ್ದು ರೂತ್ ಬೆನೆಡಿಕ್ಟರ 'ದಿ ಕ್ರಿಸಾಂಥಮಮ್ ಅಂಡ್ ದಿ ಸ್ವೋರ್ಡ್'. ಆದರೆ ಹೇಳಲಿಲ್ಲ.

ಕಾರಣ ಹಳೆಯದು. ಸುಮಾರು ಇಪ್ಪತ್ತು ವರ್ಷಗಳ ಹಿಂದೆ ಒಂದು ಕಾಲೇಜಿನಲ್ಲಿ ಆ ಒಂದೇ ಪುಸ್ತಕದ ಬಲದ ಮೇಲೆ 'ಜಪಾನೀಯರ ಮನಸ್ಸು' ಎಂದು ಒಂದು ಗಂಟೆ ಮಾತನಾಡಿದ್ದೆ. ಋಣ, ಮರ್ಯಾದೆ, ನಾಚಿಕೆ ಎಂದೆಲ್ಲ ಹೇಳಿ ಚಪ್ಪಾಳೆಯನ್ನೂ ಗಿಟ್ಟಿಸಿದ್ದೆ. ಆಮೇಲೆ ಚಹಾ ಕುಡಿಯುವಾಗ ಹಿರಿಯ ಮೇಷ್ಟರೊಬ್ಬರು ಮೆಲ್ಲಗೆ ಕೇಳಿದರು: "ಇಷ್ಟೆಲ್ಲ ಹೇಳಿದಿರಿ, ಅದರಲ್ಲಿ ಒಬ್ಬ ಜಪಾನಿಯ ಹೆಸರೂ ಬರಲಿಲ್ಲವಲ್ಲ?" ಉತ್ತರ ಇರಲಿಲ್ಲ. ನನಗೆ ಜಪಾನಿ ಭಾಷೆ ಬಾರದು, ಓದಿದ್ದೆಲ್ಲ ಇಂಗ್ಲಿಷಿನಲ್ಲಿ. ಆದರೆ ಅದು ನೆಪವಾಯಿತೇ ಹೊರತು ಉತ್ತರವಲ್ಲ.

ಬೆನೆಡಿಕ್ಟರ ಪುಸ್ತಕ ಕೆಟ್ಟದ್ದೆಂದು ನಾನು ಹೇಳುತ್ತಿಲ್ಲ. ಅದು ಹುಟ್ಟಿದ ಸಂದರ್ಭವನ್ನು ಮರೆತು ಓದಿದ್ದು ನನ್ನ ತಪ್ಪು. 1944ರಲ್ಲಿ ಅಮೆರಿಕದ ಯುದ್ಧ ಮಾಹಿತಿ ಕಚೇರಿ ಅವರಿಗೆ ಈ ಕೆಲಸ ಒಪ್ಪಿಸಿತು. ಶತ್ರು ಶರಣಾಗುತ್ತಾನೆಯೇ, ಚಕ್ರವರ್ತಿಯನ್ನು ಏನು ಮಾಡಬೇಕು ಎಂಬುವು ಆಗಿನ ಸರ್ಕಾರಿ ಪ್ರಶ್ನೆಗಳು. ಯುದ್ಧ ನಡೆಯುತ್ತಿದ್ದುದರಿಂದ ಅವರು ಜಪಾನಿಗೆ ಹೋಗುವಂತಿರಲಿಲ್ಲ. ಸಿನಿಮಾ ನೋಡಿದರು, ಪುಸ್ತಕ ಓದಿದರು, ಅಮೆರಿಕದಲ್ಲಿದ್ದ ಜಪಾನಿ ಮೂಲದವರನ್ನು ಮಾತನಾಡಿಸಿದರು. ಅದೇ ವರ್ಷಗಳಲ್ಲಿ ಆ ದೇಶ ಅಂಥ ಸುಮಾರು 1,20,000 ಜನರನ್ನು ಶಿಬಿರಗಳಿಗೆ ತಳ್ಳಿತ್ತು. ಪುಸ್ತಕ 1946ರಲ್ಲಿ ಬಂತು, 1948ರಲ್ಲಿ ಜಪಾನಿ ಭಾಷೆಗೂ ಹೋಯಿತು. ಅಲ್ಲಿಯವರೂ ಅದರಲ್ಲಿ ತಮ್ಮ ಮುಖ ನೋಡಿಕೊಳ್ಳತೊಡಗಿದರು.

ನಿತೋಬೆ ಇನಾಝೊ ಅವರ 'ಬುಶಿದೊ' ಕೂಡ ಇದೇ ಜಾತಿಯದು. ಧರ್ಮಬೋಧೆ ಇಲ್ಲದೆ ನಿಮ್ಮವರು ಮಕ್ಕಳಿಗೆ ನೀತಿ ಕಲಿಸುವುದು ಹೇಗೆ ಎಂದು ಬೆಲ್ಜಿಯಂನ ಪ್ರಾಧ್ಯಾಪಕರೊಬ್ಬರು ಕೇಳಿದ ಪ್ರಶ್ನೆಯಿಂದ ಆ ಪುಸ್ತಕ ಹುಟ್ಟಿತೆಂದು ಅವರೇ ಮುನ್ನುಡಿಯಲ್ಲಿ ಹೇಳಿಕೊಂಡಿದ್ದಾರೆ. ಅಮೆರಿಕದಲ್ಲಿ ಕೂತು, ಇಂಗ್ಲಿಷಿನಲ್ಲಿ, ಕ್ರೈಸ್ತರಾಗಿದ್ದ ನಿತೋಬೆ ಅದನ್ನು ಬರೆದರು. ಸಮುರಾಯ್‌ಗಳು ಜನಸಂಖ್ಯೆಯಲ್ಲಿ ಸಣ್ಣ ಪಾಲು. ಅವರು ಕತ್ತಿ ಧರಿಸುವುದನ್ನು ಸರ್ಕಾರ ನಿಷೇಧಿಸಿದ್ದು 1876ರಲ್ಲಿ. ಆಗ ನಿತೋಬೆ ಇನ್ನೂ ಹುಡುಗ. ಹಾಗಿದ್ದರೂ ಇಡೀ ದೇಶದ ಆತ್ಮ ಅದೇ ಎಂಬಂತೆ ಪುಸ್ತಕ ಹೇಳುತ್ತದೆ. ಗದ್ದೆ ನೆಟ್ಟವರು, ಮೀನು ಹಿಡಿದವರು, ನೂಲು ತೆಗೆದವರು ಅದರಲ್ಲಿ ಇಲ್ಲವೇ ಇಲ್ಲ. ಹೊರಗಿನವರ ಪ್ರಶ್ನೆಗೆ ಉತ್ತರ ಕೊಡಲು ಹೊರಟಾಗ ಹೀಗಾಗುತ್ತದೆ. ಉತ್ತರ ಒಂದೇ ಇರಬೇಕು, ಚೊಕ್ಕವಾಗಿರಬೇಕು.

ಅಕ್ಕನ ಮಗನಿಗೆ ನಾನು ಕೊಟ್ಟದ್ದು ಮಿಯಾಮೊಟೊ ತ್ಸುನೆಇಚಿ ಅವರ 'ಮರೆತುಹೋದ ಜಪಾನೀಯರು'. ಮೂಲ ಬಂದದ್ದು 1960ರಲ್ಲಿ. ಇಂಗ್ಲಿಷಿಗೆ ಬರಲು ಐವತ್ತು ವರ್ಷ ಬೇಕಾಯಿತು. ಮಿಯಾಮೊಟೊ ದ್ವೀಪವೊಂದರ ರೈತ ಮನೆಯ ಮಗ. ಜೀವನವಿಡೀ ಹಳ್ಳಿಯಿಂದ ಹಳ್ಳಿಗೆ ನಡೆದು ಮುದುಕ ಮುದುಕಿಯರ ಮಾತು ಕೇಳಿದವರು.

ಮೊದಲ ಅಧ್ಯಾಯದಲ್ಲಿ ಅವರು ತ್ಸುಶಿಮಾ ದ್ವೀಪದ ಒಂದು ಹಳ್ಳಿಯಲ್ಲಿದ್ದಾರೆ. ಊರಿನ ಹಳೆಯ ಕಾಗದಪತ್ರಗಳನ್ನು ಸ್ವಲ್ಪ ದಿನ ಎರವಲು ಕೇಳಿದ್ದಾರೆ. ಒಬ್ಬರು ಹೂಂ ಅಂದರೆ ಮುಗಿಯುವ ವಿಷಯವಲ್ಲ, ಊರು ಸೇರಬೇಕು. ಸಭೆ ಹಿಂದಿನ ದಿನವೇ ಶುರುವಾಗಿದೆ. ಜನ ಕೂತಿದ್ದಾರೆ, ಏಳುತ್ತಾರೆ, ಮನೆಗೆ ಹೋಗಿ ಉಂಡು ಬರುತ್ತಾರೆ. ಕಾಗದದ ವಿಷಯ ಸ್ವಲ್ಪ ಹೊತ್ತು ಮಾತಾಗಿ ಬೇರೆ ಮಾತಿಗೆ ಹೊರಳುತ್ತದೆ, ಮತ್ತೆ ತಿರುಗಿ ಬರುತ್ತದೆ. ಹಿಂದೆ ಹೀಗೇ ಕಾಗದ ಕೊಟ್ಟು ಕಳೆದುಕೊಂಡ ಕಥೆಯನ್ನು ಯಾರೋ ತೆಗೆಯುತ್ತಾರೆ. ಯಾರೂ ಯಾರನ್ನೂ ವಾದದಲ್ಲಿ ಸೋಲಿಸುವುದಿಲ್ಲ. ನೆನಪಿದ್ದದ್ದನ್ನೆಲ್ಲ ಹೇಳಿ ಮುಗಿದ ಮೇಲೆ ಕೊಡೋಣವೆಂಬ ಒಪ್ಪಿಗೆ ತಾನಾಗಿ ಮೂಡುತ್ತದೆ. ನಾಳೆ ಮತ್ತೆ ಮುಖ ನೋಡಬೇಕಾದ ಜನ ಹೇಗೆ ತೀರ್ಮಾನಕ್ಕೆ ಬರುತ್ತಾರೆ ಎಂಬುದು ಅಲ್ಲಿ ಕಣ್ಣಿಗೆ ಕಾಣುತ್ತದೆ. 'ಜಪಾನೀಯರು ಒಮ್ಮತಪ್ರಿಯರು' ಎಂದು ಯಾವ ಮ್ಯಾನೇಜ್‌ಮೆಂಟ್ ಪುಸ್ತಕವೂ ಒಂದು ಸಾಲಿನಲ್ಲಿ ಹೇಳಿಬಿಡುತ್ತದೆ. ಆ ಒಮ್ಮತಕ್ಕೆ ಎಷ್ಟು ಊಟಗಳ ಹೊತ್ತು ಹಿಡಿಯಿತು ಎಂದು ಹೇಳುವುದಿಲ್ಲ.

ಆದರೆ ಇಲ್ಲಿಯೂ ಒಂದು ಮುಳ್ಳಿದೆ. ಪುಸ್ತಕದ ಅತ್ಯಂತ ಪ್ರಸಿದ್ಧ ಅಧ್ಯಾಯದಲ್ಲಿ ಸೇತುವೆಯ ಕೆಳಗೆ ಬದುಕುವ ಕುರುಡ ಭಿಕ್ಷುಕನೊಬ್ಬ, ಹಿಂದೆ ದನದ ವ್ಯಾಪಾರಿಯಾಗಿದ್ದವನು, ತನ್ನ ಪ್ರೇಮಗಳ ಕಥೆ ಹೇಳುತ್ತಾನೆ. ಆತ ಭಿಕ್ಷುಕನಾಗಿರಲಿಲ್ಲ ಎಂದು ನಂತರ ಹುಡುಕಿ ಹೋದವರು ಕಂಡುಕೊಂಡರು. ಮಿಯಾಮೊಟೊ ಅವರ ಟಿಪ್ಪಣಿಗಳು 1945ರ ಬಾಂಬ್ ದಾಳಿಯಲ್ಲಿ ಸುಟ್ಟುಹೋಗಿದ್ದವು, ನೆನಪಿನಿಂದ ಬರೆಯಬೇಕಾಯಿತು. ಇದು ತಿಳಿದಾಗ ನನಗೆ ಮೋಸಹೋದಂತೆ ಅನ್ನಿಸಿತು. ಬೆನೆಡಿಕ್ಟರನ್ನು ದೂರಿ ಇವರನ್ನು ಮೆಚ್ಚುವುದು ಹೇಗೆ?

ಇಶಿಮುರೆ ಮಿಚಿಕೊ ಅವರನ್ನು ಓದಿದ ಮೇಲೆ ಈ ಪ್ರಶ್ನೆ ಸ್ವಲ್ಪ ಬಿಡಿಸಿಕೊಂಡಿತು. ಮಿನಾಮಾಟಾದಲ್ಲಿ ಚಿಸ್ಸೊ ಕಾರ್ಖಾನೆ ಸಮುದ್ರಕ್ಕೆ ಬಿಟ್ಟ ಪಾದರಸದ ವಿಷ ಮೀನಿನಲ್ಲಿ ಸೇರಿ ಮೀನುಗಾರರ ನರಗಳನ್ನು ತಿಂದಿತು. ರೋಗ ಅಧಿಕೃತವಾಗಿ ಬೆಳಕಿಗೆ ಬಂದದ್ದು 1956ರಲ್ಲಿ. ಕಾರಣವನ್ನು ಸರ್ಕಾರ ಒಪ್ಪಿಕೊಂಡದ್ದು 1968ರಲ್ಲಿ. ಇಶಿಮುರೆ ಅದೇ ಊರಿನ ಗೃಹಿಣಿ. 1969ರ ಅವರ ಪುಸ್ತಕದಲ್ಲಿ ರೋಗಿಗಳು ತಮ್ಮ ಸೀಮೆಯ ನುಡಿಯಲ್ಲೇ ಮಾತನಾಡುತ್ತಾರೆ. ಆ ಮಾತುಗಳು ಧ್ವನಿಮುದ್ರಣದ ನಕಲಲ್ಲ. ನಾಲಿಗೆ ತೊದಲುವವರ ಮನಸ್ಸಿನ ಮಾತನ್ನು ಇಶಿಮುರೆ ತಾವೇ ಕಟ್ಟಿಕೊಟ್ಟರು. ವಾಸ್ತವ ಕಥನಕ್ಕೆಂದು ಬಂದ ದೊಡ್ಡ ಬಹುಮಾನವನ್ನು ಅವರು ಬೇಡವೆಂದರು. ಕಲ್ಪನೆ ಬೆರೆತರೆ ಪುಸ್ತಕ ಸುಳ್ಳಾಗುವುದಿಲ್ಲ. ಯಾರ ಪಕ್ಕದಲ್ಲಿ ಕೂತು ಕಲ್ಪಿಸಿದಿರಿ, ಎಷ್ಟು ಕಾಲ ಕೂತಿರಿ ಎಂಬುದು ಮುಖ್ಯ.

ಇನ್ನು 'ಇಕಿಗಾಯ್'. ಹುಡುಗನ ಬ್ಯಾಗಿನಲ್ಲಿದ್ದದ್ದು ಸ್ಪೇನಿನಿಂದ ಬಂದ, ದೀರ್ಘಾಯುಷ್ಯದ ಗುಟ್ಟು ಹೇಳುವ ಪುಸ್ತಕ. ಅದಕ್ಕೂ ಅರ್ಧ ಶತಮಾನ ಮೊದಲು, 1966ರಲ್ಲಿ, ಅದೇ ಪದದ ಮೇಲೆ ಜಪಾನಿನಲ್ಲಿ ಪುಸ್ತಕ ಬರೆದವರು ಮನೋವೈದ್ಯೆ ಕಾಮಿಯಾ ಮಿಯೆಕೊ. ಅವರು ಕೆಲಸ ಮಾಡುತ್ತಿದ್ದದ್ದು ದ್ವೀಪವೊಂದರ ಕುಷ್ಠರೋಗಿಗಳ ಆಸ್ಪತ್ರೆಯಲ್ಲಿ. ರೋಗಿಗಳನ್ನು ಸಮಾಜದಿಂದ ಬೇರ್ಪಡಿಸಿಡುವ ಕಾನೂನು ಆ ದೇಶದಲ್ಲಿ 1996ರವರೆಗೂ ಇತ್ತು. ಎಲ್ಲ ಕಳೆದುಕೊಂಡವರಲ್ಲಿ ಕೆಲವರಿಗೆ ಮಾತ್ರ ಬದುಕಲು ಕಾರಣ ಹೇಗೆ ಉಳಿಯುತ್ತದೆ ಎಂಬುದು ಕಾಮಿಯಾ ಅವರ ಪ್ರಶ್ನೆ. ಅದೇ ಪದ ನಮ್ಮ ಅಂಗಡಿಗಳಿಗೆ ಬರುವಷ್ಟರಲ್ಲಿ ಆ ದ್ವೀಪ, ಆ ಕಾನೂನು ಎಲ್ಲ ಉದುರಿಹೋಗಿವೆ.

ಕನ್ನಡದಲ್ಲಿ ಜಪಾನಿನಿಂದ ಬಂದು ನಿಂತ ಪುಸ್ತಕಗಳನ್ನು ನೆನೆಯಿರಿ. 'ತೊತ್ತೋಚಾನ್' ಒಂದು ಶಾಲೆಯಿಂದ ಹೊರಹಾಕಿಸಿಕೊಂಡ ಹುಡುಗಿಯ ಕಥೆ. ತೇಜಸ್ವಿಯವರು ನಮಗೆ ಪರಿಚಯಿಸಿದ ಫುಕುವೋಕಾ ಸರ್ಕಾರಿ ಕೆಲಸ ಬಿಟ್ಟು ತನ್ನ ಕಾಲದ ಬೇಸಾಯದ ಜೊತೆ ಜಗಳಕ್ಕಿಳಿದವರು. ಇಬ್ಬರೂ ಶಿಸ್ತಿನ ಜಪಾನಿನ ಮಾದರಿಗಳಲ್ಲ, ಅದರೊಳಗೆ ಹೊಂದದವರು. ಬಹುಶಃ ಅದಕ್ಕೇ ಅವರು ನಮಗೆ ಹತ್ತಿರವಾದರು.

ಹುಡುಗ ಪುಸ್ತಕ ತೆಗೆದುಕೊಂಡು ಹೋದ. ಬೆನೆಡಿಕ್ಟರನ್ನೂ ಓದು, ಆದರೆ ಅಲ್ಲಿ ಒಂದು ವರ್ಷ ಇದ್ದು ಬಂದ ಮೇಲೆ ಓದು ಎಂದಿದ್ದೇನೆ. ಮೊನ್ನೆ ಫೋನು ಮಾಡಿದ್ದ. ತ್ಸುಶಿಮಾದ ಸಭೆ ಓದಿದನಂತೆ. "ಮಾವ, ನಮ್ಮ ಅಪಾರ್ಟ್‌ಮೆಂಟಿನ ಮೀಟಿಂಗಿಗೆ ಇವರನ್ನು ಕರೆಸಬೇಕು" ಅಂದು ನಕ್ಕ.