ತವರಿನ ಬೆಲೆ

ಖಾಸಗಿ ಆಸ್ತಿ ಬಂದಾಗ ಹೆಣ್ಣು ಸೋತಳು, ಮನೆಯಾಚೆಯ ದುಡಿಮೆಗೆ ಮರಳಿದರೆ ಬಿಡುಗಡೆಯಾದಾಳು ಎಂದು ಎಂಗೆಲ್ಸ್ 1884ರಲ್ಲಿ ಬರೆದರು. ಅಮೆರಿಕದ ಇತಿಹಾಸಕಾರ್ತಿ ಗರ್ಡಾ ಲರ್ನರ್ 1986ರಲ್ಲಿ ಇದನ್ನು ತಿರುವಿಹಾಕಿದರು. ಆಸ್ತಿಗೂ ಮೊದಲೇ ಹೆಣ್ಣಿನ ಹೆರುವ ಶಕ್ತಿ ಗಂಡಸಿನ ಒಡೆತನಕ್ಕೆ ಸಿಕ್ಕಿತ್ತು ಎಂಬುದು ಅವರ ವಾದ.

ಎರಡನ್ನೂ ನಮ್ಮ ಹಾವೇರಿ ಸೀಮೆಯಲ್ಲಿಟ್ಟು ಓದಿ ನೋಡೋಣ. ಬ್ಯಾಡಗಿಯಲ್ಲಿ ಘಾಟಿನ ನಡುವೆ ಕೂತು ಮೆಣಸಿನಕಾಯಿಯ ತೊಟ್ಟು ಬಿಡಿಸುವವರು ಹೆಂಗಸರು. ರಾಣೆಬೆನ್ನೂರಿನ ಬೀಜದ ಹೊಲಗಳಲ್ಲಿ ಹೂವಿಗೆ ಹೂವು ಮುಟ್ಟಿಸಿ ಹೈಬ್ರಿಡ್ ಕಾಯಿ ಕಟ್ಟಿಸುವ ಬೆರಳುಗಳೂ ಅವರವೇ. ದುಡಿಮೆಯಿಂದ ಇವರು ಹೊರಗಿದ್ದದ್ದಾದರೂ ಯಾವಾಗ? ಆದರೂ ಹೊಲದ ಉತಾರದಲ್ಲಿ ಹೆಚ್ಚಾಗಿ ಕಾಣುವುದು ಗಂಡಸಿನ ಹೆಸರು. ಎಂಗೆಲ್ಸರ ಮದ್ದು ಇಲ್ಲಿ ಅರ್ಧ ಮಾತ್ರ ನಾಟುತ್ತದೆ.

ಕರ್ನಾಟಕವು 1994ರಲ್ಲಿ ಪಿತ್ರಾರ್ಜಿತ ಆಸ್ತಿಯಲ್ಲಿ ಹಿಂದೂ ಹೆಣ್ಣುಮಕ್ಕಳಿಗೆ ಸಮಪಾಲು ಕೊಟ್ಟಿತು. ಆದರೆ ಅದಕ್ಕೆ ಮೊದಲೇ ಮದುವೆಯಾದವರನ್ನು ಹೊರಗಿಟ್ಟಿತು. ಮದುವೆಯಾದ ಮಗ ಮಗನೇ. ಮದುವೆಯಾದ ಮಗಳು ಮಾತ್ರ ಹೊರಗಿನವಳು! ಲರ್ನರ್ ವಾದಕ್ಕೆ ಇದಕ್ಕಿಂತ ಸಾಕ್ಷಿ ಬೇಕೆ? 2005ರ ಕೇಂದ್ರದ ತಿದ್ದುಪಡಿ ಆ ಗೆರೆಯನ್ನು ಅಳಿಸಿತು.

ಕಾನೂನು ಅಳಿಸಿದ್ದನ್ನು ನಾವು ಮತ್ತೆ ಎಳೆಯುತ್ತೇವೆ. ಅಕ್ಕತಂಗಿಯರು ಹಕ್ಕುಬಿಡುಗಡೆ ಪತ್ರಕ್ಕೆ ಸಹಿ ಹಾಕಿ, ಸೀರೆ ಕುಬಸ ಉಡಿತುಂಬಿಸಿಕೊಂಡು ಬರುತ್ತಾರೆ. ಪಿತೃಪ್ರಧಾನತೆ ನಡೆಯುವುದೇ ಹೆಣ್ಣಿನ ಸಹಕಾರದಿಂದ ಎನ್ನುತ್ತಾರೆ ಲರ್ನರ್. ಆ ಪದವನ್ನು ನಾನು ಒಪ್ಪಲಾರೆ. ಪಾಲು ಕೇಳಿದರೆ ಪಂಚಮಿಗೆ ಕರೆಯಲು ಅಣ್ಣ ಬಂದಾನೆಯೇ ಎಂಬ ಅಂಜಿಕೆಗೆ ಸಹಕಾರ ಎನ್ನಬಹುದೆ? ಅದು ತವರಿಗಾಗಿ ತೆರುವ ಬೆಲೆ. ಅಣ್ಣತಮ್ಮಂದಿರು ಮಾತ್ರ ತೆರದೆಯೇ ತವರಿನಲ್ಲಿದ್ದಾರೆ.