ಹೆಸರಿನೊಳಗಿನ ಹೂವು: ಸೊನ್ನಲಿಗೆಯ ಮಲ್ಲಿಗೆಯನ್ನು ಕುರಿತು

ನಗರದವರ ಭಾವಜೀವನದಲ್ಲಿ ಹೂವಿನ ಸ್ಥಾನವನ್ನು ಕುರಿತ ವಿಮರ್ಶೆ ಸಾಮಾನ್ಯವಾಗಿ ಉಪಮೆಗಳನ್ನು ಹುಡುಕುತ್ತದೆ. ಸೊಲ್ಲಾಪುರದ ಮಟ್ಟಿಗೆ ಈ ವಿಧಾನ ಸಾಲದು. ಅಲ್ಲಿ ಹೂವು ಉಪಮೆಯಾಗುವ ಮೊದಲೇ ಹೆಸರಾಗಿದೆ.

12ನೆಯ ಶತಮಾನದ ಸೊನ್ನಲಿಗೆಯ ಸಿದ್ಧರಾಮನ ಅಂಕಿತ 'ಕಪಿಲಸಿದ್ಧಮಲ್ಲಿಕಾರ್ಜುನ'. ಅಕ್ಕಮಹಾದೇವಿಯ 'ಚೆನ್ನಮಲ್ಲಿಕಾರ್ಜುನ'ನೂ ಶ್ರೀಶೈಲದ ಮಲ್ಲಯ್ಯನೇ. 1973ರ 'ಸ್ಪೀಕಿಂಗ್ ಆಫ್ ಶಿವ' ಸಂಕಲನದಲ್ಲಿ ಎ.ಕೆ. ರಾಮಾನುಜನ್ ಅಕ್ಕನ ಅಂಕಿತವನ್ನು ಹೆಸರಾಗಿ ಉಳಿಸದೆ, ಮಲ್ಲಿಗೆಯ ಬಿಳುಪಿನ ಉಪಮೆಯಾಗಿ ಇಂಗ್ಲಿಷಿಗೆ ತಂದರು. ದೂರದ ಓದುಗನಿಗೆ ಇದರಿಂದ ದಕ್ಕಿದ್ದು ಏಕಾಂತದ ಪರಿಮಳ. ತಪ್ಪಿಹೋದದ್ದು ಕೂಗಿ ಕರೆಯಬಹುದಾದ ಹೆಸರು. ರಾಘವಾಂಕನ 'ಸಿದ್ಧರಾಮಚಾರಿತ್ರ'ದಲ್ಲಿ ಬಾಲಕ ಸಿದ್ಧರಾಮ ಮಲ್ಲಯ್ಯನನ್ನು ಕರೆಯುತ್ತ, ಅಳುತ್ತ ಅಲೆಯುವ ಸನ್ನಿವೇಶದ ಕರುಣೆಯೆಲ್ಲ ಆ ಕರೆಯಲ್ಲಿದೆ.

'ಮಲ್ಲ' ಶಬ್ದದ ಮೂಲವನ್ನು 'ಮಲೆ'ಯಲ್ಲಿ ಕಾಣುವ ವಾದವೂ ಉಂಟು. ಅದನ್ನು ಒಪ್ಪಿದರೆ, ಮಲ್ಲಿಗೆ ಆ ಹೆಸರಿನಲ್ಲಿ ಅರಳಿದ್ದಲ್ಲ. ಬೆಟ್ಟದ ದೈವಕ್ಕೆ ಜನರು ಮುಡಿಸಿದ್ದು. ವಿಮರ್ಶೆ ಗಮನಿಸಬೇಕಾದ ಭಾವಕ್ರಿಯೆ ಈ ಮುಡಿಸುವಿಕೆಯೇ.

ಗಿರಣಿ, ಮಗ್ಗಗಳ ಊರಾಗಿ ಬೆಳೆದ ಸೊಲ್ಲಾಪುರದಲ್ಲಿ ಕನ್ನಡ, ಮರಾಠಿ, ತೆಲುಗು, ಉರ್ದು ನೆರೆಹೊರೆಯ ನುಡಿಗಳು. ಪೇಟೆಯಲ್ಲಿ ಮಲ್ಲಿಗೆ 'ಮೋಗರಾ' ಆಗುತ್ತದೆ, ದಂಡೆ 'ಗಜರಾ' ಆಗುತ್ತದೆ. ಅಕ್ಕಲಕೋಟೆಯಲ್ಲಿ ಸ್ವಾಮಿ ಸಮರ್ಥರಿಗೆ ಅರ್ಪಿಸುವ ಮಾಲೆ 'ಹಾರ'ವೆನಿಸುತ್ತದೆ. ಕೊಳ್ಳುವ ಹೂವಿನ ನುಡಿ ಹೀಗೆ ಬದಲಾದರೂ ಮಲ್ಲಪ್ಪ, ಮಲ್ಲಮ್ಮ, ಮಲ್ಲಿನಾಥ ಎಂಬ ಹೆಸರುಗಳು ಮನೆಮನೆಯಲ್ಲಿ ಉಳಿದಿವೆ. ಕನ್ನಡ ಶಾಲೆಯನ್ನು ಬಿಟ್ಟ ಮನೆಯಲ್ಲೂ ಹೆಸರು ಕನ್ನಡವನ್ನು ಬಿಟ್ಟಿರುವುದಿಲ್ಲ.

1930ರ ಮಾರ್ಷಲ್ ಲಾ ಕಾಲದ ಪ್ರಕರಣದಲ್ಲಿ ಮಲ್ಲಪ್ಪ ಧನಶೆಟ್ಟಿ, ಕುರ್ಬಾನ್ ಹುಸೇನ್, ಜಗನ್ನಾಥ ಶಿಂದೆ, ಶ್ರೀಕಿಸನ್ ಸಾರಡಾ ಈ ನಾಲ್ವರನ್ನು 1931ರ ಜನವರಿ 12ರಂದು ಗಲ್ಲಿಗೇರಿಸಲಾಯಿತು. ಅವರ ಸ್ಮರಣೆಯ ದಿನದ ಬೆನ್ನಿಗೇ ಸಂಕ್ರಾಂತಿಯ ಸಿದ್ಧೇಶ್ವರ ಜಾತ್ರೆ, ನಂದಿಧ್ವಜಗಳ ಮೆರವಣಿಗೆ. ಹುತಾತ್ಮರ ಕೊರಳಿಗೂ ದೈವದ ಕೊರಳಿಗೂ ಹೂವು ಒಂದೇ. ಆ ನಾಲ್ವರಲ್ಲೊಬ್ಬನ ಹೆಸರಿನಲ್ಲಿ ಸಿದ್ಧರಾಮನ ದೈವವೂ ಇದ್ದಾನೆ ಎಂಬುದು ಕೇಳಿಸುವುದು ಕನ್ನಡ ಬಲ್ಲ ಕಿವಿಗೆ.

ಇಲ್ಲಿರುವುದು ಅನುವಾದದ ಪ್ರಶ್ನೆಯಷ್ಟೇ ಅಲ್ಲ. ಹೂವನ್ನು ಉಪಮೆಯಲ್ಲಷ್ಟೇ ಹುಡುಕುವ ವಿಮರ್ಶೆಗೆ ಗಡಿನಗರದ ಕನ್ನಡ ಬಾಡಿದ ಮಾಲೆಯಂತೆ ಕಂಡೀತು. ಅಂಕಿತವನ್ನು ಅರ್ಥವಾಗಿ ಬಿಡಿಸುವ ಮುನ್ನ ಅದನ್ನು ಹೆಸರಾಗಿ ಕೇಳಿಸಿಕೊಂಡರೆ, ಆ ಕನ್ನಡ ಇನ್ನೂ ಕರೆದರೆ ಓಗೊಡುವ ನುಡಿಯೆಂಬುದು ತಿಳಿಯುತ್ತದೆ.